ಎರಡನೆಯ ಪೊಲೀಸ

ಇಪ್ಪತ್ತಾರು ವರ್ಷ ಅವನ ಬೋಳುತಲೆಗೆ ಪೌಡರು ಬಡಿದವಳು ನಾನು.
ದೀಪಗಳ ಕೆಳಗೆ ಅದು ಮಿಂಚಬಾರದು, ಅಷ್ಟೇ ನನಗಿದ್ದ ಆಜ್ಞೆ.
ನಾಯಕನ ಹೆಗಲ ಹಿಂದೆ ಇನ್ನೊಂದು ಸೂರ್ಯ ಹುಟ್ಟಿದರೆ
ಯಾವ ನಿರ್ದೇಶಕ ಸಹಿಸುತ್ತಾನೆ?

ವಿಲ್ಫ್ರೆಡ್ ಥ್ರೆಲ್‌ಫಾಲ್. ರಾಚ್‌ಡೇಲಿನ ಹತ್ತಿಗಿರಣಿಯ ಗುಮಾಸ್ತನ ಮಗ.
ಹೆಸರು ಹೇಳಿದರೆ ಯಾರಿಗೂ ಗೊತ್ತಿಲ್ಲ,
ಮುಖ ಕಂಡರೆ ಎಲ್ಲರಿಗೂ ಗೊತ್ತು.
ಲೀಡ್ಸಿನ ಬಸ್ಸಿನಲ್ಲಿ ಒಬ್ಬಾಕೆ ದಿಟ್ಟಿಸಿ ದಿಟ್ಟಿಸಿ
"ನೀವು ನಮ್ಮನೆ ಬಾಯ್ಲರ್ ರಿಪೇರಿಗೆ ಬಂದವರಲ್ಲವೇ?" ಅಂದಳಂತೆ.
"ಹೌದು," ಅಂದನಂತೆ ಇವನು, "ಈಗ ಹೇಗಿದೆ, ಆ ಸದ್ದು ನಿಂತಿತೇ?"
ಇಳಿಯುವ ತನಕ ಆ ಪಾತ್ರ ಬಿಡಲಿಲ್ಲ.

ಲೆಕ್ಕ ಇಟ್ಟಿದ್ದ, ಗುಮಾಸ್ತನ ಮಗ, ಕೆಂಪು ರಟ್ಟಿನ ವಹಿಯಲ್ಲಿ:
ಪೊಲೀಸ ಹತ್ತೊಂಬತ್ತು ಸಲ,
ಬಹುಪಾಲು ಎರಡನೆಯವನು; ಮಾತು ಮೊದಲನೆಯವನಿಗೆ.
ಬಟ್ಲರ್ ಎಂಟು. ಪಾದ್ರಿ ಆರು, ಅದರಲ್ಲಿ ಒಬ್ಬ ಕಳ್ಳ.
ಹೆಣ ನಾಲ್ಕು.
ಒಂದು ಸಲ ನವೆಂಬರಿನ ಕಾಲುವೆಯಲ್ಲಿ,
ಮುಖ ಕೆಳಗೆ ಮಾಡಿ, ಮೂರು ಟೇಕು.
ಮೇಲೆತ್ತಿ ಕಂಬಳಿ ಹೊದಿಸಿದರೆ
ಹಲ್ಲು ಕಟಕಟಿಸುತ್ತ ಕೇಳಿದ:
"ಸರಿಯಾಗಿ ಸತ್ತೆನೇ?"

ಬಾಗಿಲು ತೆಗೆಯುವುದು ಅವನ ವಿದ್ಯೆ.
ನಗಬೇಡಿ.
ಸಾವಿನ ಸುದ್ದಿ ತಂದವನ ಕೈ ಹಿಡಿಕೆಯ ಮೇಲೆ ಎಷ್ಟು ಹೊತ್ತು ಇರುತ್ತದೆ,
ಸಂಬಳ ಬಾಕಿಯಿರುವ ಬಟ್ಲರ್ ಎಷ್ಟು ತಡ ಮಾಡುತ್ತಾನೆ,
ಚಹಾದ ತಟ್ಟೆ ಎಡಗೈಯಲ್ಲಿದ್ದಾಗ ಮೊಣಕೈ ಏನು ಮಾಡುತ್ತದೆ.
ಸ್ಟುಡಿಯೊದ ಬಾಗಿಲ ಹಿಂದೆ ಮನೆಯಿರುವುದಿಲ್ಲ.
ಹಲಗೆಗೆ ಕೊಟ್ಟ ಊರೆ, ಮರಳಿನ ಚೀಲ,
ಕದ್ದು ಸಿಗರೇಟು ಸೇದುವ ಬಡಗಿ.
ಆದರೂ ಇವನು ಒಳಗೆ ಬಂದನೆಂದರೆ
ಬೆನ್ನ ಹಿಂದೆ ಒಂದು ನಡುಮನೆ, ಒದ್ದೆ ಕೊಡೆ, ಬೇಯುವ ಎಲೆಕೋಸು.

ಒಂದೇ ಒಂದು ಸಲ ಅವನಿಗೂ ಮಾತು ಸಿಕ್ಕಿತ್ತು.
ಎಪ್ಪತ್ತೊಂದನೆಯ ಇಸವಿ, ಮ್ಯಾಂಚೆಸ್ಟರು.
ಮಗನನ್ನು ಕಲ್ಲಿದ್ದಲ ಗಣಿಗೆ ಕೊಟ್ಟ ಅಪ್ಪ.
ಮಗನ ಬೂಟಿಗೆ ಪಾಲಿಶು ತಿಕ್ಕುತ್ತ ಆಡುವ ಮಾತು,
ನಾಲ್ಕು ನಿಮಿಷ, ಎಲ್ಲೂ ಕಟ್ ಇಲ್ಲ.
ಮೈಕು ಹಿಡಿದ ಹುಡುಗ ಮೂಗು ಒರೆಸಿಕೊಳ್ಳಲಾರದೆ ನಿಂತ.
ನಾನು ಪೌಡರು ಮರೆತಿದ್ದೆ. ತಲೆ ಮಿಂಚಿತು.
ಯಾರೂ ಬೈಯಲಿಲ್ಲ.

ಎರಡು ವರ್ಷಕ್ಕೆ ಆ ಟೇಪು ಅಳಿಸಿ
ಅದರ ಮೇಲೆ ಕುದುರೆ ರೇಸು ತುಂಬಿದರು.
ಟೇಪು ದುಬಾರಿ ಆಗ; ಅಳು ಅಗ್ಗ.
ಸುದ್ದಿ ನಾನೇ ಹೇಳಿದೆ, ಕ್ಯಾಂಟೀನಿನಲ್ಲಿ.
"ಯಾವ ಕುದುರೆ ಗೆದ್ದಿತು?" ಅಂದ.
ಆಮೇಲೆ ಎರಡು ದಿನ ಬಾಯಿ ಬಿಡಲಿಲ್ಲ.
ಆ ವಾರ ಅವನದು ಮಾತಿಲ್ಲದ ಪಾತ್ರ,
ಹಾಗಾಗಿ ಯಾರಿಗೂ ತಿಳಿಯಲಿಲ್ಲ.

ಹೋಗಿ ಒಂಬತ್ತು ವರ್ಷವಾಯಿತು.
ಎಲ್ಲೋ ನಡುರಾತ್ರಿ ಹಳೆಯ ಸರಣಿ ಮತ್ತೆ ಹಾಕುತ್ತಾರೆ,
ಚೆಕ್ಕು ಬರುತ್ತದೆ ಅವನ ಹೆಸರಿಗೆ. ಮೊನ್ನೆಯದು ಮೂರು ಪೌಂಡು ನಲವತ್ತು ಪೆನ್ಸು.
ತಂಗಿ ವಿನಿಫ್ರೆಡ್ ಅದರಲ್ಲಿ ಅರ್ಧ ನನಗೆ ಕಳಿಸುತ್ತಾಳೆ,
"ಪೌಡರಿನ ಪಾಲು" ಎಂದು ಬರೆದು.
ನಿದ್ದೆ ಬಾರದ ದಿನ ನಾನೂ ನೋಡುತ್ತೇನೆ, ಸದ್ದು ತೆಗೆದು.
ನಾಯಕ ಮಾತಾಡುತ್ತಲೇ ಇರುತ್ತಾನೆ.
ಹಿಂದೆ, ಸ್ವಲ್ಪ ಮಸುಕಾಗಿ, ಇವನು ಕೇಳುತ್ತಿರುತ್ತಾನೆ.
ಹಾಗೆ ಕೇಳಿಸಿಕೊಂಡರೆ ಯಾವನೂ ಚೆನ್ನಾಗಿ ಮಾತಾಡಿಯಾನು.

ಬಳುವಳಿಯಾಗಿ ಬಂದದ್ದು ಆ ಬೂಟು.
ಎಡಗಾಲಿನದು. ಷಾಟಿಗೆ ಒಂದೇ ಸಾಕೆಂದು ಒಂದನ್ನೇ ತಂದಿದ್ದರು,
ಅವನು ಕೋಟಿನೊಳಗೆ ಅಡಗಿಸಿ ಮನೆಗೊಯ್ದಿದ್ದ.
ಬಾಗಿಲ ಪಕ್ಕ ಇಟ್ಟಿದ್ದೇನೆ.
ಕಳೆದ ವಾರ ಬಾಯ್ಲರ್ ರಿಪೇರಿಗೆ ಬಂದವನು
ಉಪಕರಣದ ಪೆಟ್ಟಿಗೆ ಕೆಳಗಿಟ್ಟು ಕೇಳಿದ:
"ಇನ್ನೊಂದು ಎಲ್ಲಿ?"
ಇದ್ದದ್ದೇ ಒಂದು, ಅಂದೆ.
ಅವನ ಮುಖ ಎಲ್ಲೋ ನೋಡಿದ ಹಾಗಿತ್ತು.